ಪೇಪರಿನಲ್ಲಿ 180, ಪೇಟೆಯಲ್ಲಿ 164. ನಮ್ಮ ರಬ್ಬರ್‌ಗೆ ಮಾತ್ರ ಯಾಕೆ ಹೀಗೆ?

ಮುತ್ತಿನಕೊಪ್ಪದವ
ಎಲ್ಲರಿಗೂ ನಮಸ್ಕಾರ. ನಮ್ಮದು ಎನ್.ಆರ್.ಪುರ ತಾಲ್ಲೂಕು. ಮೂರು ಎಕರೆ ರಬ್ಬರ್ ಇದೆ. ಅಪ್ಪ 2009ರಲ್ಲಿ ಹಾಕಿದ್ದು, 105 ತಳಿ. ಘಟ್ಟದ ಕೆಳಗೆ ಏಳು ವರ್ಷಕ್ಕೆ ಮರ ಕೆತ್ತಿ ಹಾಲು ತೆಗೆಯುತ್ತಾರೆ, ನಮ್ಮಲ್ಲಿ ಮರ ದಪ್ಪ ಆಗೋಕೆ ಒಂಬತ್ತು ವರ್ಷ ಹಿಡಿಯಿತು. 2018ರಲ್ಲಿ ಟ್ಯಾಪಿಂಗ್ ಶುರು ಮಾಡಿದಾಗ ಕೆಜಿಗೆ 120-130 ಇತ್ತು. 2024ರ ಆಗಸ್ಟ್‌ನಲ್ಲಿ 240 ದಾಟಿ 2011ರ ದಾಖಲೆ ಮುರಿಯಿತು ಅಂತ ಪೇಪರಿನಲ್ಲಿ ಬಂತು. ಆಗ ನಮ್ಮ ಮನೆಯಲ್ಲಿ ಹಾಲು ಹೆಪ್ಪುಗಟ್ಟಿಸಿ ಒಣಗಿಸಿದ ಒಂದು ಶೀಟೂ ಇರಲಿಲ್ಲ. ಮಳೆ. ಕೆತ್ತಿದ ಜಾಗಕ್ಕೆ ಮಳೆ ನೀರು ಬೀಳದ ಹಾಗೆ ರೈನ್ ಗಾರ್ಡ್ ಕಟ್ಟಿಸಿರಲಿಲ್ಲ.

ಈಗ ಹಾಲು ಚೆನ್ನಾಗಿ ಬರುತ್ತಿದೆ, ರೇಟು ಬಿದ್ದಿದೆ. ಅದು ಹಣೆಬರಹ, ಬಿಡಿ. ನನ್ನ ಪ್ರಶ್ನೆ ಬೇರೆ. ಮೊನ್ನೆ ಪೇಪರಿನಲ್ಲಿ ಕೋಟಯಂ ಆರ್‌ಎಸ್‌ಎಸ್ 4 (ಹೊಗೆಯಲ್ಲಿ ಒಣಗಿಸಿದ ಶೀಟಿನ ನಾಲ್ಕನೇ ಗ್ರೇಡ್) ರೇಟು 180 ಇತ್ತು. ಅದೇ ದಿನ ಪೇಟೆಗೆ 92 ಕೆಜಿ ಶೀಟು ಒಯ್ದೆ. ಅಂಗಡಿಯವರು ಕಟ್ಟನ್ನು ಬಿಚ್ಚಲೂ ಇಲ್ಲ. ಮೇಲಿನ ಶೀಟಿನ ಮೂಲೆ ಹಿಡಿದು ಎಳೆದು ನೋಡಿ "164" ಅಂದರು. ಮೇಲಿಂದ ತೂಕದಲ್ಲಿ ಎರಡು ಕೆಜಿ ಕಡಿತ. ಕೇಳಿದರೆ "ತೇವ ಇದೆ" ಅಂತ.

ವರ್ಷಕ್ಕೆ ಹದಿನೈದು ಕ್ವಿಂಟಾಲ್ ಮಾರುತ್ತೇವೆ. ಕೆಜಿಗೆ 16 ರೂಪಾಯಿ ಅಂದರೆ 24,000. ಇದು ಮೋಸವಾ, ಇಲ್ಲ ನನಗೇ ಏನಾದರೂ ಗೊತ್ತಿಲ್ಲವಾ? ಬೇರೆಯವರಿಗೆ ಎಷ್ಟು ಸಿಗುತ್ತಿದೆ ಹೇಳಿ.

ಬಾಳೆಹೊನ್ನೂರು ಕಾಫಿ
ಕಡಿದು ರೋಬಸ್ಟಾ ಕಾಫಿ ಹಾಕಿ. ಪ್ರಶ್ನೆ ಮುಗಿಯಿತು.

ಅಡಿಕೆ ಮರ
ಅಡಿಕೆ.

ಮುತ್ತಿನಕೊಪ್ಪದವ
@ಬಾಳೆಹೊನ್ನೂರು ಕಾಫಿ ಫಸಲು ಬರುವ ತನಕ ನಾಲ್ಕು ವರ್ಷ ಮನೆಗೆ ಅಕ್ಕಿ ನೀವು ಕಳಿಸುತ್ತೀರಾ?

ಬಿಸಿಲೆ ದಾರಿ
ನಿಮ್ಮದು ಪುಣ್ಯ ಅಣ್ಣ. ನಾವು ಸಕಲೇಶಪುರದ ಈ ತುದಿಯಲ್ಲಿ ಇದ್ದೇವೆ. ಇಲ್ಲಿ ರಬ್ಬರ್ ಕೊಳ್ಳುವ ಅಂಗಡಿಯೇ ಇಲ್ಲ. ಜೀಪಿನವನೊಬ್ಬ ವಾರಕ್ಕೊಮ್ಮೆ ಬರುತ್ತಾನೆ. ಅವನು ಹೇಳಿದ್ದೇ ರೇಟು. ಕಳೆದ ವಾರ 158 ಕೊಟ್ಟ. ಹೆಚ್ಚು ಮಾತಾಡಿದರೆ ಮುಂದಿನ ವಾರ ಬರೋದೇ ಇಲ್ಲ.

ಹಳೇ ತಕ್ಕಡಿ
ನಾನು ಹನ್ನೊಂದು ವರ್ಷ ರಬ್ಬರ್ ಅಂಗಡಿಯಲ್ಲಿ ತೂಕ ಹಾಕಿದವನು. ಈಗ ಬಿಟ್ಟಿದ್ದೇನೆ, ಅದಕ್ಕೇ ಧೈರ್ಯವಾಗಿ ಬರೆಯುತ್ತಿದ್ದೇನೆ.

ಪೇಪರಿನಲ್ಲಿ ಬರೋದು ರಬ್ಬರ್ ಬೋರ್ಡಿನ ರೇಟು. ಅದು ಕೋಟಯಂ, ಕೊಚ್ಚಿ ಮಾರುಕಟ್ಟೆಯದ್ದು, ಅದೂ ನಾಲ್ಕನೇ ಗ್ರೇಡಿಗೆ. ಮಲಯಾಳಂ ಪೇಪರು ತೆಗೆದು ನೋಡಿ, ಎರಡು ರೇಟು ಇರುತ್ತೆ. ಒಂದು ಬೋರ್ಡಿನದು, ಇನ್ನೊಂದು ವ್ಯಾಪಾರಿಯದು. ಕೋಟಯಂನಲ್ಲೇ ವ್ಯಾಪಾರಿ ರೇಟು ಐದಾರು ರೂಪಾಯಿ ಕಡಿಮೆ. ಅಲ್ಲಿಗೆ ನಿಮ್ಮ 180 ಅಂದರೆ 174 ಆಯಿತು. ನಮ್ಮಿಂದ ಅಲ್ಲಿಗೆ ಲಾರಿ ಬಾಡಿಗೆ, ಹತ್ತಿಸೋದು ಇಳಿಸೋದು, ದಾರಿಯಲ್ಲಿ ಒಣಗಿ ಕಮ್ಮಿಯಾಗುವ ತೂಕ, ಎಲ್ಲ ಸೇರಿ ಇನ್ನೊಂದು ನಾಲ್ಕೈದು. ಉಳಿದದ್ದು ಗ್ರೇಡಿನ ವ್ಯತ್ಯಾಸ. ಅಂಗಡಿಯವನ ಲಾಭವೂ ಅದರಲ್ಲೇ.

ಈಗ ಒಳಗಿನ ಮಾತು. ಕಟ್ಟು ಬಿಚ್ಚದೆ ರೇಟು ಹೇಳಿದರು ಅಂದರೆ ನಿಮ್ಮದನ್ನು "ಲಾಟ್" ಅಂತ ತಗೊಂಡಿದ್ದಾರೆ. ಅಂದರೆ ಗ್ರೇಡ್ ಮಾಡದ ಮಾಲು. ಸಂಜೆ ಹುಡುಗರು ಕೂತು ಆರಿಸುತ್ತಾರೆ. ನಾನೇ ಆರಿಸಿದ್ದೇನೆ. ಹತ್ತು ಶೀಟಲ್ಲಿ ಮೂರು ನಾಲ್ಕು ಆರ್‌ಎಸ್‌ಎಸ್ 4 ಆಗಿ ಪಕ್ಕಕ್ಕೆ ಹೋಗುತ್ತೆ. ಕೊಂಡಿದ್ದು ಲಾಟ್ ರೇಟಿಗೆ, ಮಾರೋದು ನಾಲ್ಕರ ರೇಟಿಗೆ. ಮೋಸ ಅಂತೀರೋ ವ್ಯಾಪಾರ ಅಂತೀರೋ ನಿಮಗೆ ಬಿಟ್ಟಿದ್ದು.

ಮುತ್ತಿನಕೊಪ್ಪದವ
ಅಂದರೆ ಆರಿಸುವ ಕೆಲಸ ನಾನು ಮಾಡಿದರೆ ಆ ದುಡ್ಡು ನನಗೆ?

ಹಳೇ ತಕ್ಕಡಿ
ಆರಿಸೋಕೆ ನಿಮ್ಮ ಕಟ್ಟಿನಲ್ಲಿ ಒಳ್ಳೆ ಶೀಟು ಇರಬೇಕಲ್ಲ.

ಹಾಸನ ಪಂಕ್ಚರ್
ನನಗೆ ರಬ್ಬರ್ ಬೆಳೆಯೋದು ಗೊತ್ತಿಲ್ಲ, ಹಾಕೋದು ಗೊತ್ತು. ಹದಿನಾರು ವರ್ಷದಿಂದ ಟೈರ್ ಅಂಗಡಿ. ರಬ್ಬರ್ 100ಕ್ಕೆ ಬಿದ್ದಾಗ ಟೈರ್ ರೇಟು ಬೀಳಲಿಲ್ಲ. ರಬ್ಬರ್ 240 ಆದಾಗ "ಕಚ್ಚಾಮಾಲು ಜಾಸ್ತಿ ಆಗಿದೆ" ಅಂತ ಹೊಸ ರೇಟ್ ಲಿಸ್ಟ್ ಬಂತು. ಈಗ 180 ಆಗಿದೆ, ಲಿಸ್ಟ್ ಹಾಗೇ ಇದೆ. ಗಿರಾಕಿ ಬೈಯೋದು ನನ್ನನ್ನ.

ಲೆಕ್ಕದ ಮೇಷ್ಟ್ರು
@ಹಾಸನ ಪಂಕ್ಚರ್ ಇದು ನಿಮ್ಮೊಬ್ಬರ ಅನುಮಾನ ಅಲ್ಲ. ಐದು ಟೈರ್ ಕಂಪೆನಿಗಳು ಮತ್ತು ಅವುಗಳ ಸಂಘ ಮಾತಾಡಿಕೊಂಡು ಬೆಲೆ ಇಟ್ಟಿವೆ ಅಂತ ಸ್ಪರ್ಧಾ ಆಯೋಗ 2018ರಲ್ಲೇ ಆದೇಶ ಮಾಡಿತ್ತು. ಹೊರಗೆ ಬಂದಿದ್ದು 2022ರಲ್ಲಿ. ದಂಡ ಒಟ್ಟು 1,788 ಕೋಟಿ. ಆದರೆ ಪೂರ್ತಿ ಹೇಳಬೇಕು. ಅದೇ ವರ್ಷ ಡಿಸೆಂಬರ್‌ನಲ್ಲಿ ಮೇಲ್ಮನವಿ ನ್ಯಾಯಮಂಡಳಿ ಆದೇಶವನ್ನು ಮತ್ತೆ ನೋಡಿ ಅಂತ ವಾಪಸ್ ಕಳಿಸಿತು. ಹಾಗಾಗಿ ತಪ್ಪು ಸಾಬೀತಾಗಿದೆ ಅಂತ ಬರೆಯಬೇಡಿ.

ಅಡಿಕೆ ಮರ
ಎಲ್ಲಾ ಆಮದಿನಿಂದ ಬಂದ ಕಷ್ಟ. ಥಾಯ್ಲೆಂಡ್, ವಿಯೆಟ್ನಾಂ ರಬ್ಬರ್ ನಿಲ್ಲಿಸಲಿ, ಮರುದಿನ 300 ಆಗುತ್ತೆ.

ಲೆಕ್ಕದ ಮೇಷ್ಟ್ರು
ಆಗಲ್ಲ ಸ್ವಾಮಿ. ದೇಶದಲ್ಲಿ ಬೆಳೆಯೋದು ವರ್ಷಕ್ಕೆ ಎಂಟೂವರೆ ಲಕ್ಷ ಟನ್ ಆಸುಪಾಸು. ಬೇಕಾಗಿರೋದು ಹದಿನಾಲ್ಕು ಲಕ್ಷ ಟನ್. ನಿಲ್ಲಿಸಿದರೆ ಬಸ್ಸು ಯಾವುದರ ಮೇಲೆ ಓಡುತ್ತೆ? ತರಿಸಲೇಬೇಕು. ಜಗಳ ಇರೋದು ಯಾವ ಸುಂಕಕ್ಕೆ, ಯಾವ ತಿಂಗಳಿನಲ್ಲಿ ಅನ್ನೋದರಲ್ಲಿ.

ಸುಂಕದ ಕಥೆ ಕೇಳಿ. ಒಣ ರಬ್ಬರ್ ಮೇಲೆ ಶೇ 25 ಅಥವಾ ಕೆಜಿಗೆ 30 ರೂಪಾಯಿ, ಎರಡರಲ್ಲಿ ಯಾವುದು ಕಡಿಮೆಯೋ ಅದು. ಬಾಯಲ್ಲಿ 25 ಅಂತಾರೆ. ಬಂದರಿನಲ್ಲಿ ಕೆಜಿಗೆ 120 ಇದ್ದಾಗ ಶೇ 25 ಅಂದರೆ 30 ರೂಪಾಯಿ, ಸರಿ ಹೋಯಿತು. 200 ಆದಾಗ 50 ಆಗಬೇಕಿತ್ತು, ಆದರೆ 30ಕ್ಕೇ ನಿಲ್ಲುತ್ತೆ. ಅಂದರೆ ನಿಜವಾದ ಸುಂಕ ಶೇ 15. ಹೊರಗೆ ರೇಟು ಏರಿದಷ್ಟೂ ಬೇಲಿ ಗಿಡ್ಡ ಆಗುತ್ತಾ ಹೋಗುತ್ತೆ. ಇದರ ಜತೆ, ಟೈರ್ ರಫ್ತು ಮಾಡ್ತೀವಿ ಅಂತ ಬರೆದುಕೊಟ್ಟವರಿಗೆ ಆ ಲೆಕ್ಕಕ್ಕೆ ಸುಂಕವೇ ಇಲ್ಲದೆ ತರಿಸೋ ಅವಕಾಶ ಇದೆ.

ಇನ್ನೊಂದು ಬಾಗಿಲು ಕಾಂಪೌಂಡ್ ರಬ್ಬರ್. ರಬ್ಬರ್‌ಗೆ ಕಪ್ಪು ಪುಡಿ, ಅದೂ ಇದೂ ಕಲಸಿದ ಮಾಲು. ಅದಕ್ಕೆ ಶೇ 10 ಇತ್ತು. 2023ರ ಬಜೆಟ್‌ನಲ್ಲಿ ಅದನ್ನೂ 25 ಅಥವಾ 30 ರೂಪಾಯಿಗೆ ತಂದರು. ಆದರೆ ಆಸಿಯಾನ್ ಒಪ್ಪಂದದ ಆಗ್ನೇಯ ಏಷ್ಯಾ ದೇಶಗಳಿಂದ ಬರೋದಕ್ಕೆ ಈ ಏರಿಕೆ ತಟ್ಟಲ್ಲ. ಕಾಂಪೌಂಡ್ ಜಾಸ್ತಿ ಬರೋದೇ ಅಲ್ಲಿಂದ.

ಬಿಸಿಲೆ ದಾರಿ
25ಕ್ಕಿಂತ ಜಾಸ್ತಿ ಹಾಕೋಕೆ ಏನು ಕಷ್ಟ? ಅಡಿಕೆಗೆ 100 ಪರ್ಸೆಂಟ್ ಇದೆ ಅಂತಾರಲ್ಲ.

ಲೆಕ್ಕದ ಮೇಷ್ಟ್ರು
ವಿಶ್ವ ವ್ಯಾಪಾರ ಸಂಸ್ಥೆಯಲ್ಲಿ ಒಣ ರಬ್ಬರ್‌ಗೆ ನಾವು ಒಪ್ಪಿಕೊಂಡ ಮಿತಿಯೇ 25. ಅಲ್ಲಿ ರಬ್ಬರ್ ಕೃಷಿ ಉತ್ಪನ್ನವೇ ಅಲ್ಲ, ಕೈಗಾರಿಕೆಯ ಕಚ್ಚಾಮಾಲು. ಇಲ್ಲೂ ಅಷ್ಟೇ, ಕೃಷಿ ಇಲಾಖೆ ಕೇಳಿದರೆ ವಾಣಿಜ್ಯ ಸಚಿವಾಲಯದ ಕಡೆ ಕೈ ತೋರಿಸುತ್ತಾರೆ. ಬೆಂಬಲ ಬೆಲೆಯ ಪಟ್ಟಿಯಲ್ಲಿ ಭತ್ತ ಇದೆ, ರಾಗಿ ಇದೆ, ರಬ್ಬರ್ ಇಲ್ಲ.

ಬೆಳಗಿನ ಜಾವ
ಮೂರು ಗಂಟೆಗೆ ಎದ್ದು ತಲೆಗೆ ಟಾರ್ಚ್ ಕಟ್ಟಿಕೊಂಡು 350 ಮರ ಕೆತ್ತುತ್ತೇನೆ. ಜಿಗಣೆ ಕಿತ್ತುಹಾಕಿಕೊಂಡು. ಇದು ಕೃಷಿ ಅಲ್ವಂತೆ, ಕೈಗಾರಿಕೆಯಂತೆ. ಹಾಗಾದರೆ ನನಗೆ ಪಿಎಫ್ ಕೊಡಿಸಿ ಮೇಷ್ಟ್ರೇ.

ಹಾಸನ ಪಂಕ್ಚರ್
😂😂 ಮೇಷ್ಟ್ರು ಔಟ್

ಮೂರನೇ ತಲೆಮಾರು
ನಮ್ಮ ಅಜ್ಜ ಕೇರಳದ ಪಾಲಾ ಕಡೆಯಿಂದ ಎನ್.ಆರ್.ಪುರಕ್ಕೆ ಬಂದವರು. ನಾನು ಹುಟ್ಟಿದ್ದು ಇಲ್ಲೇ. ಕೇರಳದಲ್ಲಿ 2015ರಿಂದ ಒಂದು ಯೋಜನೆ ಇದೆ. ಆಗ 150 ಅಂತ ನಿಗದಿ ಮಾಡಿದರು, ಆಮೇಲೆ 170, 2024ರಲ್ಲಿ 180. ಬೋರ್ಡ್ ರೇಟು ಅದಕ್ಕಿಂತ ಕೆಳಗೆ ಹೋದರೆ ವ್ಯತ್ಯಾಸದ ದುಡ್ಡು ಸರ್ಕಾರ ಬೆಳೆಗಾರನ ಖಾತೆಗೆ ಹಾಕುತ್ತೆ. ಬಿಲ್ಲು ಬೇಕು, ಸಂಘದ ಸದಸ್ಯ ಆಗಿರಬೇಕು. ನನ್ನ ಚಿಕ್ಕಪ್ಪನ ಮಗ ಅಲ್ಲಿ ತಗೊಳ್ತಾನೆ. ನಾನು ಇಲ್ಲಿ ಅದೇ 105 ಬೆಳೆದು ಬಾಯಿ ನೋಡುತ್ತೇನೆ. ಅಲ್ಲಿ ರಬ್ಬರ್ ಅಂದರೆ ವೋಟು. 2023ರಲ್ಲಿ ತಲಶ್ಶೇರಿಯ ಆರ್ಚ್‌ಬಿಷಪ್ಪರು, 300 ರೂಪಾಯಿ ಕೊಟ್ಟರೆ ಎಂಪಿ ಗೆಲ್ಲಿಸಿ ಕೊಡ್ತೀವಿ ಅಂತ ಭಾಷಣದಲ್ಲೇ ಹೇಳಿದ್ದರು. ನಮ್ಮ ಜಿಲ್ಲೆಯಲ್ಲಿ ರಬ್ಬರ್ ಹೆಸರು ಎತ್ತಿದ ಎಂಎಲ್ಎ ಯಾರನ್ನಾದರೂ ನೋಡಿದ್ದೀರಾ?

ಬಾಳೆಹೊನ್ನೂರು ಕಾಫಿ
ಅಲ್ಲಿ ಎಲ್ಲರೂ ರಬ್ಬರ್. ಇಲ್ಲಿ ಕಾಫಿ ಬೆಳೆಗಾರರ ಅಳಲೇ ಮುಗಿಯಲ್ಲ, ನಿಮ್ಮದು ಯಾರು ಕೇಳ್ತಾರೆ? ನಾನು ತಮಾಷೆಗೆ ಕಡೀರಿ ಅಂದಿದ್ದಲ್ಲ. ರೋಬಸ್ಟಾ ಚೆರ್ರಿ 2024ರಲ್ಲಿ ಮೂಟೆಗೆ ಹತ್ತು ಸಾವಿರ ದಾಟಿತು. ನಮ್ಮ ಎತ್ತರಕ್ಕೆ ರಬ್ಬರ್ ಹೊಂದಲ್ಲ. 450-500 ಮೀಟರ್ ಒಳಗೆ ಇರಬೇಕಾದ ಮರ ಅದು. ಎನ್.ಆರ್.ಪುರ, ಕೊಪ್ಪ ಎಲ್ಲ ಅದಕ್ಕಿಂತ ಎಷ್ಟೋ ಮೇಲೆ. ಹಾಕಿದವರು ನೆಂಟರನ್ನು ನೋಡಿ ಹಾಕಿದ್ದು, ನೆಲ ನೋಡಿ ಅಲ್ಲ.

ಮೂರನೇ ತಲೆಮಾರು
2019ರಲ್ಲಿ ಅದೇ ರೋಬಸ್ಟಾ ಮೂಟೆಯನ್ನು ಎಷ್ಟಕ್ಕೆ ಮಾರಿದಿರಿ ಹೇಳಿ. ಆಗ ನೀವೇ ಕಾಫಿ ಕಡಿದು ಸಿಲ್ವರ್ ಓಕ್ ಮಾರೋಣ ಅಂತಿದ್ದಿರಿ. ನೆನಪಿದೆ ನನಗೆ.

ಬಾಳೆಹೊನ್ನೂರು ಕಾಫಿ
😐

ಕೊಪ್ಪದ ಅಳಿಯ
ಹುಟ್ಟೂರು ಸುಳ್ಯ, ಹೆಂಡತಿ ಮನೆ ಕೊಪ್ಪ, ಈಗ ಇಲ್ಲೇ. ಸುಂಕ, ಎಂಎಲ್ಎ ಎಲ್ಲ ಇರಲಿ ಮಾರ್ರೆ, ಇವರು ಕೇಳಿದ್ದು ಅವರ ಶೀಟಿನ ಬಗ್ಗೆ. @ಮುತ್ತಿನಕೊಪ್ಪದವ ನಾಲ್ಕು ಪ್ರಶ್ನೆಗೆ ಉತ್ತರ ಕೊಡಿ. ಹಾಲು ಹೆಪ್ಪು ಹಾಕುವ ಒಂದು ಡಿಶ್‌ಗೆ ಹಾಲು ಎಷ್ಟು, ನೀರು ಎಷ್ಟು? ಜರಡಿ ಹಿಡಿಯುತ್ತೀರಾ? ಹೆಪ್ಪುಗಟ್ಟಿಸೋಕೆ ಯಾವ ಆಸಿಡ್? ಹೊಗೆ ಎಲ್ಲಿ ಹಾಕುತ್ತೀರಿ?

ಮುತ್ತಿನಕೊಪ್ಪದವ
ಎರಡು ಲೀಟರ್ ಹಾಲು, ಎರಡು ಲೀಟರ್ ನೀರು. ಅಪ್ಪ ಹಾಗೇ ಮಾಡುತ್ತಿದ್ದರು. ಹಳೇ ಸೀರೆ ಬಟ್ಟೆಯಲ್ಲಿ ಸೋಸುತ್ತೇವೆ. ಆಸಿಡ್ ಅಂಗಡಿಯಲ್ಲಿ ಕೊಡೋದು, ಬಿಳಿ ಕ್ಯಾನ್, ಹೆಸರು ನೋಡಿಲ್ಲ. ಹೊಗೆ ಬಚ್ಚಲು ಒಲೆ ಮೇಲಿನ ಅಟ್ಟದಲ್ಲಿ. ಬೆಳಗ್ಗೆ ಸಂಜೆ ನೀರು ಕಾಯಿಸುವಾಗ ಹೇಗೂ ಬೆಂಕಿ ಇರುತ್ತಲ್ಲ.

ಕೊಪ್ಪದ ಅಳಿಯ
ಅಲ್ಲಿಗೆ ನಿಮ್ಮ ರೋಗ ಸಿಕ್ಕಿತು. ಉದ್ದ ಬರೆಯುತ್ತೇನೆ, ಬೇಜಾರು ಮಾಡ್ಕೋಬೇಡಿ.

ಈ ತಿಂಗಳ ಹಾಲು ಗಟ್ಟಿ. ಲೀಟರಿಗೆ 350 ಗ್ರಾಂ ಹತ್ತಿರ ರಬ್ಬರ್ ಇರುತ್ತೆ. ಎರಡು ಲೀಟರ್ ಹಾಕಿದರೆ ಒಂದು ಶೀಟು 700 ಗ್ರಾಂ. ಇರಬೇಕಾದದ್ದು ಅರ್ಧ ಕೆಜಿ, ದಪ್ಪ ಮೂರು ಮಿಲಿಮೀಟರ್. ನೀರು ಬೆರೆಸಿದ ಮೇಲೆ ರಬ್ಬರಿನ ಅಂಶ ಶೇ 12.5ಕ್ಕೆ ಬರಬೇಕು. ಹಾಗಾಗಿ ಡಿಶ್‌ಗೆ ಒಂದೂವರೆ ಲೀಟರಿಗಿಂತ ಸ್ವಲ್ಪ ಕಡಿಮೆ ಹಾಲು, ಉಳಿದದ್ದು ನೀರು, ಒಟ್ಟು ನಾಲ್ಕು ಲೀಟರ್. ಮಳೆ ಮುಗಿದ ಹೊಸತರಲ್ಲಿ ಹಾಲು ನೀರಾಗಿರುತ್ತೆ, ಆಗ ನಿಮ್ಮ ಅಪ್ಪನ ಲೆಕ್ಕ ಸರಿ ಇರಬಹುದು. ವರ್ಷವಿಡೀ ಒಂದೇ ಅಳತೆ ನಡೆಯಲ್ಲ.

ದಪ್ಪ ಶೀಟು ಹೊರಗೆ ಒಣಗುತ್ತೆ, ಒಳಗೆ ಹಸಿ. ನಾಳೆ ಬೆಳಗ್ಗೆ ಒಂದು ಶೀಟು ತಗೊಂಡು ಸೂರ್ಯನಿಗೆ ಅಡ್ಡ ಹಿಡಿಯಿರಿ. ಜೇನುತುಪ್ಪದ ಬಣ್ಣಕ್ಕೆ ಬೆಳಕು ತೂರಿ ಬರಬೇಕು. ನಡುವೆ ಹಾಲಿನ ಕೆನೆ ಹಾಗೆ ಬಿಳಿ ಮಚ್ಚೆ ಕಂಡರೆ ಅದೇ ಹಸಿ. ಕೋಲಿನ ಮೇಲೆ ನೇತುಹಾಕಿದ ಗೆರೆಯಲ್ಲಂತೂ ಖಂಡಿತ ಇರುತ್ತೆ, ಯಾಕಂದರೆ ಶೀಟನ್ನು ದಿನಾ ಸ್ವಲ್ಪ ಸರಿಸಿ ಹಾಕಿರಲ್ಲ ನೀವು. ಅಂಗಡಿಯವರು ಮೂಲೆ ಎಳೆದು ನೋಡಿದ್ದು ಇದನ್ನೇ.

ಬಚ್ಚಲು ಅಟ್ಟದಲ್ಲಿ ಎರಡು ಹೊತ್ತು ಒಂದೊಂದು ಗಂಟೆ ಬೆಂಕಿ, ಉಳಿದ ಹೊತ್ತು ಹಂಡೆಯ ಹಬೆ. ಅದು ಒಣಗಿಸೋದಲ್ಲ, ಒಂದು ಕೈಯಲ್ಲಿ ಒಣಗಿಸಿ ಇನ್ನೊಂದು ಕೈಯಲ್ಲಿ ನೆನೆಸೋದು. ಮೇಲೆ ಮಸಿ ಬೇರೆ. ಹೊಗೆಗೂಡಿನಲ್ಲಿ 40ರಿಂದ 60 ಡಿಗ್ರಿ ಬಿಸಿ, ಬಿಡದೆ ನಾಲ್ಕೈದು ದಿನ ಬೇಕು. ಸೀರೆ ಬಟ್ಟೆ ಬಿಟ್ಟು 40 ಮತ್ತು 60 ಮೆಶ್ ಜರಡಿ ತಗೊಳ್ಳಿ, ಇಲ್ಲದಿದ್ದರೆ ತೊಗಟೆ ಚೂರು ಉಳಿದು ಗ್ರೇಡ್ ಇಳಿಯುತ್ತೆ. ಆಸಿಡ್ ಫಾರ್ಮಿಕ್ ಆಗಿರಬೇಕು. ಅಗ್ಗಕ್ಕೆ ಗಂಧಕದ ಆಸಿಡ್ ಕೊಡೋರಿದ್ದಾರೆ, ಅದು ಶೀಟನ್ನೂ ಹಾಳು ಮಾಡುತ್ತೆ, ಶೀಟು ಒತ್ತುವ ರೋಲರನ್ನೂ ತಿನ್ನುತ್ತೆ. ರೋಲರ್‌ನಿಂದ ಬಂದ ಶೀಟು ಚೆನ್ನಾಗಿ ತೊಳೆದು, ಎರಡು ಮೂರು ಗಂಟೆ ನೆರಳಲ್ಲಿ ನೀರು ಸೋರಲು ಬಿಟ್ಟು, ಆಮೇಲೆ ಹೊಗೆಗೆ.

ಹಳೇ ತಕ್ಕಡಿ
ನೂರಕ್ಕೆ ನೂರು ಸರಿ. ಬಚ್ಚಲು ಮಾಲು ಅಂತ ಅಂಗಡಿಯಲ್ಲಿ ಅದಕ್ಕೊಂದು ಹೆಸರೇ ಇತ್ತು. ವಾಸನೆಯಿಂದಲೇ ಗೊತ್ತಾಗುತ್ತೆ. ಸೀಗೆಕಾಯಿ ಬಂದಿದ್ದೂ ಇದೆ.

ಮುತ್ತಿನಕೊಪ್ಪದವ
ಸೂರ್ಯನಿಗೆ ಹಿಡಿದು ನೋಡಿದೆ. ಮಚ್ಚೆ ಇದೆ. ಹತ್ತಕ್ಕೆ ಎಂಟರಲ್ಲಿ ಇದೆ. ಆರು ವರ್ಷದಿಂದ ಅಂಗಡಿಯವರನ್ನು ಬೈಯುತ್ತಾ ಇದ್ದೆ.

ಬೆಳಗಿನ ಜಾವ
ಬೈಯೋದು ಬಿಡಬೇಡಿ, ಎರಡು ಕೆಜಿ ಕಡಿತಕ್ಕೆ ಬೈಯಿರಿ. ಹಸಿ ಮಾಲು ಅಂತ ರೇಟೂ ಇಳಿಸಿ, ತೂಕವೂ ಹಿಡಿದರೆ ಒಂದೇ ತಪ್ಪಿಗೆ ಎರಡು ಸಲ ದಂಡ ಆಯಿತಲ್ಲ.

ಹಳೇ ತಕ್ಕಡಿ
ಅದು ನಿಜ. ಅದನ್ನ ಸಮರ್ಥಿಸಲ್ಲ ನಾನು. ಬಿಲ್ಲು ಕೇಳಿ. ರಬ್ಬರ್ ಕೊಳ್ಳುವವನಿಗೆ ಬೋರ್ಡಿನ ಲೈಸೆನ್ಸ್ ಇರಲೇಬೇಕು. ಬಿಲ್ಲು ಬರೆಯುವಾಗ ಗ್ರೇಡು, ತೂಕ ಎರಡೂ ಬರೆಯಿರಿ ಅನ್ನಿ. ಬಿಲ್ಲು ಕೇಳುವವನ ಶೀಟನ್ನು ಬಿಚ್ಚಿ ನೋಡುತ್ತಾರೆ, ಇದು ಅನುಭವ.

ಬಿಸಿಲೆ ದಾರಿ
ಜೀಪಿನವನ ಹತ್ತಿರ ಬಿಲ್ಲು ಕೇಳಿದರೆ ಡೀಸೆಲ್ ಬಿಲ್ಲು ಕೊಡ್ತಾನೆ.

ಅಡಿಕೆ ಮರ
ಆನ್‌ಲೈನ್‌ನಲ್ಲಿ ಮಾರಬಹುದಂತಲ್ಲ? ಬೋರ್ಡಿನದೇ ಏನೋ ಇದೆ.

ಮೂರನೇ ತಲೆಮಾರು
ಎಂರೂಬ್. 2022ರ ಜೂನ್‌ನಲ್ಲಿ ಶುರುವಾಯಿತು. ದೇಶದ ಯಾವ ಮೂಲೆಯ ಕೊಳ್ಳುವವನಿಗೂ ಮಾಲು ತೋರಿಸಬಹುದು. ಆದರೆ 92 ಕೆಜಿಗೆ ಯಾರು ಲಾರಿ ಕಳಿಸ್ತಾರೆ? ಹತ್ತು ಹದಿನೈದು ಜನ ಸೇರಿ ಒಂದು ಲೋಡ್ ಮಾಡಬೇಕು. ಉತ್ಪಾದಕರ ಸಂಘ ಇರೋದೇ ಅದಕ್ಕೆ. ಒಂದು ಹೊಗೆಗೂಡು, ಒಂದೇ ಅಳತೆ, ಒಂದೇ ಗ್ರೇಡು. ನಮ್ಮ ಊರಲ್ಲಿ ಎರಡು ಸಲ ಮೀಟಿಂಗ್ ಆಯಿತು. ಮೊದಲನೆಯದು ಅಧ್ಯಕ್ಷ ಯಾರು ಅನ್ನೋದಕ್ಕೆ ಮುಗಿಯಿತು. ಎರಡನೆಯದು ಊಟಕ್ಕೆ.

ಹಾಸನ ಪಂಕ್ಚರ್
ಇಷ್ಟೆಲ್ಲ ಕಷ್ಟ ಯಾಕೆ, ಹಾಲನ್ನೇ ಕ್ಯಾನಿನಲ್ಲಿ ತುಂಬಿ ಮಾರೋಕಾಗಲ್ವಾ?

ಕೊಪ್ಪದ ಅಳಿಯ
ಮಾರಬಹುದು. ಕೆಳಗೆ ಹಾಗೆ ಕೊಡೋರು ಜಾಸ್ತಿ ಆಗಿದ್ದಾರೆ. ಅಮೋನಿಯಾ ಹಾಕಿ ಡ್ರಮ್ಮಿನಲ್ಲಿ ತುಂಬಿಸಿದರೆ ಆಯಿತು, ಒಣಗಿಸುವ ತಲೆನೋವಿಲ್ಲ. ಆದರೆ ಅಲ್ಲೂ ಹಾಲಿನಲ್ಲಿರುವ ಒಣ ರಬ್ಬರ್ ಎಷ್ಟು ಅಂತ ಅಳೆದೇ ದುಡ್ಡು, ಅಳೆಯೋದು ಕೊಳ್ಳುವವನು. ಡೇರಿಯಲ್ಲಿ ಫ್ಯಾಟ್ ನೋಡಿದ ಹಾಗೆ. ಡೇರಿ ಜಗಳ ಗೊತ್ತಲ್ಲ ಹಾಸನದವರಿಗೆ.

ಹಾಸನ ಪಂಕ್ಚರ್
ಗೊತ್ತು ಗೊತ್ತು. ಸುಮ್ನಿರಿ.

ಬೆಳಗಿನ ಜಾವ
ವಿಷಯಾಂತರ ಆದರೂ ಹೇಳ್ತೀನಿ. ಟ್ಯಾಪಿಂಗ್ ನಿಲ್ಲಿಸಿದ ತೋಟದವರು ಹಾಲು ಹಿಡಿಯುವ ಕಪ್ ಬೋರಲು ಹಾಕಿ ದಯವಿಟ್ಟು. ಈ ಮಳೆಗಾಲದಲ್ಲಿ ನಮ್ಮ ಮನೆಯಲ್ಲಿ ಇಬ್ಬರಿಗೆ ಡೆಂಗಿ. ಪಕ್ಕದ ತೋಟದಲ್ಲಿ ಮರಕ್ಕೊಂದು ಕಪ್, ಕಪ್ಪಿಗೊಂದು ಕೆರೆ.

ಬಾಳೆಹೊನ್ನೂರು ಕಾಫಿ
ಇದು ಮಾತ್ರ ನಿಜವಾದ ಮಾತು. ಕಾಫಿ ತೋಟಕ್ಕೂ ಬರುತ್ತವೆ ಸೊಳ್ಳೆ.

ಲೆಕ್ಕದ ಮೇಷ್ಟ್ರು
ಒಂದು ಮಾತು ಸೇರಿಸುತ್ತೇನೆ. ಟೈರ್ ಕಂಪೆನಿಗಳು ಈಶಾನ್ಯ ರಾಜ್ಯಗಳಲ್ಲಿ 2 ಲಕ್ಷ ಹೆಕ್ಟೇರ್ ರಬ್ಬರ್ ಹಾಕಿಸೋಕೆ ದುಡ್ಡು ಕೊಡುವ ಯೋಜನೆ ಮಾಡಿವೆ. 2021ರಲ್ಲಿ ಶುರುವಾಯಿತು. ತ್ರಿಪುರ ಈಗಲೇ ಕೇರಳದ ನಂತರ ಎರಡನೇ ಸ್ಥಾನದಲ್ಲಿದೆ. ಆ ಮರಗಳು ಹಾಲು ಕೊಡುವಾಗ ನಮ್ಮ ಬಚ್ಚಲು ಶೀಟನ್ನು ಯಾರೂ ಕೇಳಲ್ಲ.

ಮೂರನೇ ತಲೆಮಾರು
ಹೆದರಿಸಬೇಡಿ ಮೇಷ್ಟ್ರೇ. ಅಲ್ಲಿ ಚಳಿಗೆ ಎಲೆ ಉದುರಿದರೆ ಹಾಲೂ ನಿಲ್ಲುತ್ತೆ. ಅವರ ಮಾಲು ಬಂದರೂ ಕೊರತೆ ಪೂರ್ತಿ ತುಂಬಲ್ಲ.

ಲೆಕ್ಕದ ಮೇಷ್ಟ್ರು
ತುಂಬಲ್ಲ, ಒಪ್ಪಿದೆ. ಆದರೆ ಹೊಸಬರು ಮೊದಲ ದಿನದಿಂದಲೇ ಹೊಗೆಗೂಡು ಕಟ್ಟಿಕೊಂಡು ಶುರು ಮಾಡ್ತಿದ್ದಾರೆ. ನಾವು ಹಂಡೆ ಮೇಲೆ ನೇತುಹಾಕ್ತಿದ್ದೇವೆ.

ಮುತ್ತಿನಕೊಪ್ಪದವ
ಮೂರು ವಾರ ಆಯಿತು, ಏನಾಯಿತು ಅಂತ ಹೇಳಲೇಬೇಕಲ್ಲ. ಪಕ್ಕದ ಮನೆಯವರಿಗೆ ಸಣ್ಣ ಹೊಗೆಗೂಡು ಇತ್ತು, ಖಾಲಿ ಬಿದ್ದಿತ್ತು, ಕೋಳಿ ಮಲಗುತ್ತಿದ್ದವು. ಎರಡು ದಿನ ತೊಳೆದು ಸೌದೆ ಹಾಕಿದೆ. ಹಾಲು ಒಂದೂವರೆ ಲೀಟರಿಗಿಂತ ಸ್ವಲ್ಪ ಕಡಿಮೆ, ಉಳಿದದ್ದು ನೀರು. ಮೊದಲ ಸಲ ಶೀಟು ಎತ್ತಿದಾಗ ಅಮ್ಮ "ಇಷ್ಟು ತೆಳ್ಳಗಾ, ತೂಕ ಬರಲ್ಲ" ಅಂದರು. ಡಿಶ್ ಜಾಸ್ತಿ ಬೇಕಾಯಿತು, ಹನ್ನೆರಡು ಹೊಸದು ತಂದೆ.

ನಿನ್ನೆ ಎರಡು ಕಟ್ಟು ಮಾಡಿ ಒಯ್ದೆ. ಒಳ್ಳೇದು ಬೇರೆ, ಉಳಿದದ್ದು ಬೇರೆ. ಅಂಗಡಿಯವರು ಮತ್ತೆ ಮೂಲೆ ಎಳೆಯೋಕೆ ಕೈ ಹಾಕಿದರು. "ಬಿಚ್ಚಿ ನೋಡಿ" ಅಂದೆ. ಬಾಗಿಲಿಗೆ ತಂದು ಬೆಳಕಿಗೆ ಹಿಡಿದು ಒಂದೊಂದೇ ನೋಡಿದರು, ಏನೂ ಮಾತಾಡಲಿಲ್ಲ. ಅವತ್ತಿನ ಬೋರ್ಡ್ ರೇಟಿಗಿಂತ ಏಳು ರೂಪಾಯಿ ಕಡಿಮೆ ಕೊಟ್ಟರು. ಹಳೇ ಮಾಲಿಗೆ ಹದಿನೈದು ಕಡಿಮೆ. ತೂಕ ಕಡಿತ ಇಲ್ಲ. ಬಿಲ್ಲಿನಲ್ಲಿ ಗ್ರೇಡ್ ಬರೆಯಿರಿ ಅಂದಿದ್ದಕ್ಕೆ ಪೆನ್ನು ಸಿಗುತ್ತಿಲ್ಲ ಅಂದರು. ನನ್ನ ಜೇಬಿನದು ಕೊಟ್ಟೆ.

ಹಳೇ ತಕ್ಕಡಿ
ಪೆನ್ನು ವಾಪಸ್ ಕೊಟ್ಟರಾ?

ಮುತ್ತಿನಕೊಪ್ಪದವ
ಇಲ್ಲ.

ಬಿಸಿಲೆ ದಾರಿ
ಆ ಹೊಗೆಗೂಡಿನ ಅಳತೆ, ಒಂದೆರಡು ಫೋಟೋ ಹಾಕಿ ಅಣ್ಣ. ನಮ್ಮ ಕಡೆ ಆರು ಮನೆಯವರು ಸೇರಿ ಕಟ್ಟೋಣ ಅಂತ ಮಾತಾಗಿದೆ. ಅಧ್ಯಕ್ಷರು ಯಾರೂ ಇಲ್ಲ, ಮೊದಲೇ ಹೇಳಿಬಿಟ್ಟಿದ್ದೇನೆ.

ಮುತ್ತಿನಕೊಪ್ಪದವ
ನಾಳೆ ಟೇಪ್ ಹಿಡಿದು ಅಳೆದು ಹಾಕುತ್ತೇನೆ. ಇವತ್ತು ಒಳಗೆ ಶೀಟು ಇದೆ, ಬಾಗಿಲು ತೆಗೆಯಲ್ಲ.

ಬೆಳಗಿನ ಜಾವ
ನಮ್ಮ ಕಡೆ ಮತ್ತೆ ಮೋಡ ಕಟ್ಟಿದೆ. ನಿಮ್ಮಲ್ಲಿ ಹೇಗಿದೆ? ಬೆಳಗ್ಗೆ ಏಳಬೇಕಾ ಬೇಡವಾ ಅಂತ ಈಗಲೇ ಗೊತ್ತಾದರೆ ಒಳ್ಳೇದಿತ್ತು.